ನೋಟದ ಋಣ



ಚಿತ್ರಗಳನ್ನು ಕುರಿತು ಬಾನುಲಿಯಲ್ಲಿ ಮಾತನಾಡುವುದೆಂದರೆ ಕಣ್ಣಿಗೆ ಸಲ್ಲಬೇಕಾದ ಊಟವನ್ನು ಕಿವಿಗೆ ಬಡಿಸಿದಂತೆ ಎಂಬ ಅಳುಕು ನನಗಿಲ್ಲದಿಲ್ಲ. ಆದರೆ ಇಂದು ನಿಮ್ಮ ಮುಂದೆ ನಿವೇದಿಸಬೇಕೆಂದಿರುವುದು ಚಿತ್ರಗಳ ಸೊಬಗಿಗಿಂತ ಹೆಚ್ಚಾಗಿ, ಚಿತ್ರವನ್ನು ತೆಗೆಯುವವರಿಗೂ ತೆಗೆಸಿಕೊಳ್ಳುವವರಿಗೂ ನಡುವೆ ಏರ್ಪಡುವ ಒಂದು ಸಂಬಂಧದ ವಿಚಾರವಾದುದರಿಂದ, ಮತ್ತು ಆ ಸಂಬಂಧವು ಕಣ್ಣಿಗೆ ನೇರವಾಗಿ ಕಾಣುವ ವಸ್ತುವಲ್ಲವಾದುದರಿಂದ, ಬಾನುಲಿಯೇ ಅದಕ್ಕೆ ತಕ್ಕ ಜಾಗವೆಂದು ನಂಬಿ ಮೊದಲುಮಾಡುತ್ತೇನೆ.

ನಾನು ವಾಸವಾಗಿರುವುದು ನ್ಯೂಜಿಲೆಂಡ್ ದೇಶದ ಮನುಕಾವ್ ಪ್ರದೇಶದಲ್ಲಿ. ಆಕ್ಲೆಂಡ್ ನಗರದ ದಕ್ಷಿಣಕ್ಕೆ, ತನ್ನದೇ ಹೆಸರಿನ ವಿಶಾಲವಾದ ಕೊಲ್ಲಿಯ ಮಗ್ಗುಲಲ್ಲಿ ಹಬ್ಬಿಕೊಂಡಿರುವ ಈ ಊರು 1965ರಲ್ಲಿ ಪ್ರತ್ಯೇಕವಾದ ಒಂದು ನಗರವಾಗಿ ರೂಪುಗೊಂಡು, 2010ರಲ್ಲಿ ಆಕ್ಲೆಂಡ್ ಮಹಾನಗರದ ಆಡಳಿತದೊಳಕ್ಕೆ ಸೇರಿಹೋಯಿತು. ಎರಡನೆಯ ಮಹಾಯುದ್ಧದ ತರುವಾಯ ಇಲ್ಲಿನ ಕಾರ್ಖಾನೆಗಳಿಗೆ ದುಡಿಯುವ ಕೈಗಳು ಬೇಕಾದಾಗ, ಹಳ್ಳಿಗಾಡಿನಿಂದ ಮಾವೋರಿ ಜನರೂ, ಸಾಗರದಾಚೆಯ ಸಮೋವ, ಟೊಂಗ, ಕುಕ್ ದ್ವೀಪ, ನಿಯುವೆಗಳಿಂದ ದ್ವೀಪವಾಸಿಗಳೂ ಬಂದು, ಓಟಾರ, ಮಾಂಗೆರೆ ಮೊದಲಾದ ಬಡಾವಣೆಗಳಲ್ಲಿ ಸರ್ಕಾರ ಕಟ್ಟಿಸಿದ ಒಂದೇ ಅಚ್ಚಿನ ಮನೆಗಳಲ್ಲಿ ನೆಲೆಸಿದರು. ಅವರ ಹಿಂದೆ ಫಿಜಿಯ ಭಾರತೀಯರು, ಪಂಜಾಬಿಗಳು, ಗುಜರಾತಿಗಳು, ಕಟ್ಟಕಡೆಗೆ ನಮ್ಮಂಥ ಕೆಲವು ಕನ್ನಡದ ಮನೆಗಳು. ಮನುಕಾವ್ ಎಂಬುದು ಮಾವೋರಿ ಭಾಷೆಯ ಮಾತು. ಆದರೂ ಕನ್ನಡದ ಕಿವಿಗೆ ಅದರಲ್ಲಿ ಮನುಷ್ಯರ ಕಾವು ಕೇಳಿಸುತ್ತದೆ, ಮತ್ತು ಇಲ್ಲಿ ಹಲವು ವರ್ಷ ಬಾಳಿದವನಿಗೆ ಆ ಕೇಳ್ಮೆ ಸುಳ್ಳೆನಿಸುವುದಿಲ್ಲ.

ಈ ದೇಶವನ್ನು ನೋಡಲು ಬರುವವರು ಹಿಮದ ಶಿಖರಗಳನ್ನೂ ನೀಲಿಯ ಸರೋವರಗಳನ್ನೂ ಕುರಿಮಂದೆಗಳನ್ನೂ ಅರಸಿ ಬರುತ್ತಾರೆ. ಮನುಕಾವನ್ನು ಅರಸಿ ಯಾರೂ ಬರುವುದಿಲ್ಲ. ಇಲ್ಲಿನ ಸುದ್ದಿ ಹೊರಗಿನವರಿಗೆ ಮುಟ್ಟುವುದು ಬಹುಮಟ್ಟಿಗೆ ಕಳವೋ ಹೊಡೆದಾಟವೋ ನಡೆದ ದಿನ ಮಾತ್ರ. ಯಾತ್ರಿಕರ ಚಿತ್ರಪಟಕ್ಕೂ ಪೊಲೀಸರ ವರದಿಗೂ ನಡುವೆ ಇರುವ ಬಹುದೊಡ್ಡ ಬಯಲಿನಲ್ಲಿ, ನಸುಕಿನಲ್ಲೆದ್ದು ಬಸ್ಸಿಗಾಗಿ ಕಾಯುವ ಕಾರ್ಮಿಕನೂ, ಭಾನುವಾರ ಬಿಳಿಯ ಟೋಪಿ ಧರಿಸಿ ಇಗರ್ಜಿಗೆ ನಡೆಯುವ ಮುದುಕಿಯೂ, ಮೂಲೆಯಂಗಡಿಯಲ್ಲಿ ಹಾಲು ಮಾರುವ ಗುಜರಾತಿ ದಂಪತಿಗಳೂ, ಬಟ್ಟೆ ಒಣಗುವ ಹಿತ್ತಲೂ, ಅಂದರೆ ಈ ಊರಿನ ನಿಜವಾದ ಬಾಳೆಲ್ಲವೂ, ಯಾರ ಗಮನಕ್ಕೂ ಬಾರದೆ ಕಳೆದುಹೋಗುತ್ತದೆ. ಇಂಥ ನಿತ್ಯದ ಬಾಳನ್ನು ಹಿಡಿದಿಡಲು ಕ್ಯಾಮೆರಾ ಹೊತ್ತು ಹೊರಟವರನ್ನು ಕುರಿತು ನಾನು ಆಲೋಚಿಸತೊಡಗಿದ್ದು ಒಂದು ಚಿಕ್ಕ ಪ್ರಸಂಗದಿಂದ.

ಓಟಾರದಲ್ಲಿ ಪ್ರತಿ ಶನಿವಾರ ಬೆಳಗ್ಗೆ ಸಂತೆ ನೆರೆಯುತ್ತದೆ. 1970ರ ದಶಕದಿಂದ ನಡೆದುಬಂದಿರುವ ಆ ಸಂತೆಗೆ ನಾನು ಮುಖ್ಯವಾಗಿ ಹೋಗುವುದು ಕೆಸುವಿಗಾಗಿ. ಮಲೆನಾಡಿನಲ್ಲಿ ಹುಟ್ಟಿ, ಮಳೆಗಾಲದಲ್ಲಿ ಅಮ್ಮ ಮಾಡುತ್ತಿದ್ದ ಪತ್ರೊಡೆಯ ರುಚಿಯನ್ನು ನಾಲಗೆಯಲ್ಲಿಟ್ಟುಕೊಂಡು ಬಂದವನಿಗೆ, ಸಮೋವದವರು ಅದೇ ಕೆಸುವಿನೆಲೆಯಲ್ಲಿ ತೆಂಗಿನ ಹಾಲನ್ನು ಕಟ್ಟಿ ಬೇಯಿಸಿ ಪಲುಸಾಮಿ ಎಂದು ಕರೆಯುವ ಅಡುಗೆಯನ್ನು ಮೊದಲ ಬಾರಿಗೆ ಉಂಡ ದಿನ, ಮಹಾಸಾಗರಗಳೆರಡು ನಡುವೆ ಇದ್ದೂ ಇಲ್ಲದಂತಾಯಿತು. ಒಂದು ಶನಿವಾರ, ಕೆಸುವಿನ ಗೆಡ್ಡೆಗಳನ್ನು ಗೋಪುರದಂತೆ ಜೋಡಿಸಿಟ್ಟುಕೊಂಡು ಅದರ ಹಿಂದೆ ಕುಳಿತಿದ್ದ ಒಬ್ಬ ವೃದ್ಧೆಯ ಮುಖದ ಮೇಲೆ ಎಳೆಬಿಸಿಲು ಬಿದ್ದಿದ್ದುದನ್ನು ಕಂಡು, ಅದರ ಚೆಲುವಿಗೆ ಮಾರುಹೋಗಿ, ಕೇಳಬೇಕೆಂಬುದೂ ತೋರದೆ, ಕೈಯಲ್ಲಿದ್ದ ಫೋನನ್ನೆತ್ತಿ ಚಿತ್ರವನ್ನು ತೆಗೆದುಬಿಟ್ಟೆ. ಆಕೆ ಸಿಟ್ಟಾಗಲಿಲ್ಲ. ನನ್ನನ್ನು ಹತ್ತಿರಕ್ಕೆ ಕರೆದು, ತಾಯಿ ಮಗನನ್ನು ಕೇಳುವ ದನಿಯಲ್ಲಿ, “ಇದನ್ನು ಯಾರಿಗೆ ತೋರಿಸುತ್ತೀಯಪ್ಪಾ?” ಎಂದರು. ನನ್ನಲ್ಲಿ ಉತ್ತರವಿರಲಿಲ್ಲ. ಎರಡು ಗೆಡ್ಡೆ ಕೊಂಡು, ತಲೆತಗ್ಗಿಸಿ ಮನೆಗೆ ಬಂದೆ.

ಆ ಪ್ರಶ್ನೆಯ ಭಾರವನ್ನು ನಮ್ಮ ಹಿರಿಯರು ಚೆನ್ನಾಗಿ ಬಲ್ಲವರಾಗಿದ್ದರು. ಕನ್ನಡದಲ್ಲಿ ದೃಷ್ಟಿ ಎಂಬುದು ಬರಿಯ ನೋಟವಲ್ಲ. ಅದು ತಗಲುತ್ತದೆ, ಹತ್ತುತ್ತದೆ, ಅದನ್ನು ನಿವಾಳಿಸಿ ತೆಗೆಯಬೇಕಾಗುತ್ತದೆ. ನಮ್ಮ ಅಜ್ಜಿ ಮಕ್ಕಳ ಭಾವಚಿತ್ರ ತೆಗೆಸುವುದಕ್ಕೆ ಸುಲಭದಲ್ಲಿ ಒಪ್ಪುತ್ತಿರಲಿಲ್ಲ. ತೆಗೆಸಲೇಬೇಕಾದಾಗ ಕೆನ್ನೆಗೊಂದು ಕಾಡಿಗೆಯ ಬೊಟ್ಟಿಟ್ಟು ಕಳುಹಿಸುತ್ತಿದ್ದರು. ಅದನ್ನು ಮೂಢನಂಬಿಕೆಯೆಂದು ನಗುವ ವಯಸ್ಸನ್ನು ದಾಟಿ ಬಂದ ಮೇಲೆ ನನಗೆ ತೋರುವುದೇನೆಂದರೆ, ನೋಡುವುದೂ ಒಂದು ಕ್ರಿಯೆ, ನೋಡಿಸಿಕೊಂಡವರಿಂದ ಅದು ಏನನ್ನೋ ಪಡೆದುಕೊಳ್ಳುತ್ತದೆ, ಪಡೆದವನಿಗೆ ಅದರಿಂದ ಒಂದು ಋಣವುಂಟಾಗುತ್ತದೆ ಎಂಬ ತಿಳಿವಳಿಕೆಯನ್ನು ಆಕೆ ತನಗೆ ಬಂದ ಭಾಷೆಯಲ್ಲಿ ಹೇಳುತ್ತಿದ್ದರು.

ಆ ಋಣದ ಒಂದು ಹಳೆಯ ಲೆಕ್ಕವನ್ನು ನೋಡಲು ಈಗ ಸಮೋವಕ್ಕೇ ಹೋಗೋಣ. ಎಸ್ಕಿಮೋ ಜನರ ಬಾಳನ್ನು ಕುರಿತ ಚಿತ್ರದಿಂದ 1922ರಲ್ಲಿ ಲೋಕವಿಖ್ಯಾತನಾದ ರಾಬರ್ಟ್ ಫ್ಲಾಹರ್ಟಿ ಎಂಬ ಅಮೆರಿಕದ ಚಲಚ್ಚಿತ್ರಕಾರನು, ಮರುವರ್ಷ ಹೆಂಡತಿಮಕ್ಕಳೊಡನೆ ಸಮೋವದ ಸವಾಯಿ ದ್ವೀಪಕ್ಕೆ ಬಂದು, ಸಫೂನೆ ಎಂಬ ಹಳ್ಳಿಯಲ್ಲಿ ಒಂದು ವರ್ಷಕ್ಕೂ ಮೀರಿ ವಾಸವಾಗಿದ್ದು, ‘ಮೊವಾನ’ ಎಂಬ ಚಿತ್ರವನ್ನು ತೆಗೆದನು. ಅಂದಿನ ಸಾಧಾರಣ ಫಿಲ್ಮು ಕೆಂಪು ಬಣ್ಣಕ್ಕೆ ಕುರುಡಾಗಿದ್ದುದರಿಂದ ಕಂದುಮೈಯ ಜನರೆಲ್ಲ ಅದರಲ್ಲಿ ಕರಿಯ ನೆರಳುಗಳಂತೆ ಮೂಡುತ್ತಿದ್ದರು. ಫ್ಲಾಹರ್ಟಿ ಎಲ್ಲ ಬಣ್ಣಗಳನ್ನೂ ಗ್ರಹಿಸಬಲ್ಲ ಹೊಸ ಬಗೆಯ ಫಿಲ್ಮನ್ನು ಬಳಸಿ, ಅದನ್ನು ದ್ವೀಪದ ಒಂದು ಗುಹೆಯಲ್ಲಿಯೇ ಸಂಸ್ಕರಿಸಿ, ಆ ಜನರ ಮೈಯ ಹೊಳಪನ್ನು ಮೊಟ್ಟಮೊದಲಿಗೆ ನ್ಯಾಯವಾಗಿ ತೆರೆಯ ಮೇಲೆ ತಂದನು. 1926ರಲ್ಲಿ ಚಿತ್ರವು ಬಿಡುಗಡೆಯಾದಾಗ ನ್ಯೂಯಾರ್ಕಿನ ಒಂದು ಪತ್ರಿಕೆಯಲ್ಲಿ ಜಾನ್ ಗ್ರಿಯರ್ಸನ್ ಎಂಬ ಸ್ಕಾಟ್ಲೆಂಡಿನ ತರುಣ ಅದರ ವಿಮರ್ಶೆ ಬರೆದು, ಅದಕ್ಕೆ ದಾಖಲೆಯ ಮೌಲ್ಯವುಂಟೆಂದನು. ಡಾಕ್ಯುಮೆಂಟರಿ ಎಂಬ ಮಾತು ಈಗಿನ ಅರ್ಥದಲ್ಲಿ ಚಲಚ್ಚಿತ್ರಕ್ಕೆ ಅಂಟಿಕೊಂಡದ್ದು ಆ ಬರಹದಿಂದಲೇ. ಎಂದರೆ, ಇಂದು ಮನುಕಾವಿನಲ್ಲಿ ನನ್ನ ನೆರೆಯವರಾಗಿರುವ ಜನರ ಅಜ್ಜ ಅಜ್ಜಿಯರ ಊರಿನ ಚಿತ್ರವೇ ಆ ಇಡೀ ಕಲೆಗೆ ಹೆಸರನ್ನು ಕೊಟ್ಟಿತು.

ಆದರೆ ಆ ಚಿತ್ರದಲ್ಲಿ ಒಂದು ಕೊರತೆಯುಂಟು. ಫ್ಲಾಹರ್ಟಿ ಬರುವ ವೇಳೆಗೆ ಸಫೂನೆಯ ಜನರು ಮಿಶನರಿಗಳ ಕಾಲದಿಂದ ಬಂದ ಹತ್ತಿಯ ಬಟ್ಟೆಗಳನ್ನು ಉಡುವವರಾಗಿದ್ದರು. ಅವನು ಅವುಗಳನ್ನು ಕಳಚಿಸಿ, ಹಳೆಯ ಕಾಲದ ನಾರುಡೆಗಳನ್ನು ಉಡಿಸಿದನು. ಒಬ್ಬರಿಗೊಬ್ಬರು ಸಂಬಂಧವಿಲ್ಲದವರನ್ನು ಆರಿಸಿ ಒಂದು ಕುಟುಂಬವೆಂದು ತೋರಿಸಿದನು. ತಆವಾಲೆ ಎಂಬ ಹೆಸರಿನ ಯುವಕನನ್ನು ಮೊವಾನ ಎಂದು ಕರೆದು, ಚಿತ್ರಕ್ಕಾಗಿಯೇ ಅವನ ಮೈಮೇಲೆ, ಸೊಂಟದಿಂದ ಮೊಳಕಾಲಿನವರೆಗೆ, ಸಮೋವದ ಸಾಂಪ್ರದಾಯಿಕ ಹಚ್ಚೆಯನ್ನು ಹುಯ್ಯಿಸಿದನು. ನೋವು ನಿಜವಾಗಿತ್ತು, ರಕ್ತ ನಿಜವಾಗಿತ್ತು, ಹುಡುಗನ ಧೈರ್ಯವೂ ನಿಜವಾಗಿತ್ತು; ಆದರೆ ಆ ಜನ ಅಂದು ಬಾಳುತ್ತಿದ್ದ ಬಾಳು ಮಾತ್ರ ಚಿತ್ರದ ಹೊರಗೆ ಉಳಿಯಿತು. ಪ್ರೀತಿಯಿಂದಲೇ ನೋಡಿದ ಕಣ್ಣು ಕೂಡ ತನಗೆ ಬೇಕಾದುದನ್ನಷ್ಟೇ ನೋಡಬಲ್ಲುದೆಂಬುದಕ್ಕೆ ‘ಮೊವಾನ’ ಒಂದು ದೊಡ್ಡ ನಿದರ್ಶನ.

ಡಾಕ್ಯುಮೆಂಟರಿಗೆ ಕನ್ನಡದಲ್ಲಿ ನಾವು ಸಾಕ್ಷ್ಯಚಿತ್ರವೆಂಬ ಹೆಸರನ್ನು ರೂಢಿಸಿಕೊಂಡಿದ್ದೇವೆ. ಭಾರತ ಸರ್ಕಾರದ ಫಿಲ್ಮ್ಸ್ ಡಿವಿಷನ್ನಿನವರು 1948ರಿಂದ ತಯಾರಿಸುತ್ತ ಬಂದ ಕಿರುಚಿತ್ರಗಳನ್ನು ಮುಖ್ಯಚಿತ್ರಕ್ಕೆ ಮೊದಲು ನೋಡಿ ಬೆಳೆದ ನಮ್ಮ ಪೀಳಿಗೆಗೆ ಅದು ಚಿರಪರಿಚಿತವಾದ ಮಾತು. ನನಗೆ ಆ ಕನ್ನಡದ ಹೆಸರಿನ ಮೇಲೆ ಅಭಿಮಾನ ಹೆಚ್ಚು, ಏಕೆಂದರೆ ಅದು ಕಾಗದದ ದಾಖಲೆಯನ್ನು ಬಿಟ್ಟು ಸಾಕ್ಷಿಯನ್ನು ಹಿಡಿಯುತ್ತದೆ. ಸಾಕ್ಷಿಯೆಂದರೆ ಕಣ್ಣಾರೆ ಕಂಡವನು. ಕಂಡುದಕ್ಕೆ ಹೊಣೆಯಾಗಿ ನಿಲ್ಲುವವನು. ನ್ಯಾಯಸ್ಥಾನದಲ್ಲಿ ಅವನನ್ನು ಮೊದಲು ಕೇಳುವುದು ಹೆಸರು, ಊರು; ಅನಂತರ ಯಾವ ದಿನ, ಯಾವ ಸ್ಥಳದಲ್ಲಿ, ಯಾರನ್ನು ಕಂಡೆ ಎಂಬುದು. ಈ ಮೂರಕ್ಕೂ ಉತ್ತರ ಕೊಡಲಾರದವನ ಮಾತು ಎಷ್ಟು ಸುಂದರವಾಗಿದ್ದರೂ ಸಾಕ್ಷ್ಯವಾಗದು.

ಗ್ರಿಯರ್ಸನ್ 1940ರಲ್ಲಿ ನ್ಯೂಜಿಲೆಂಡಿಗೂ ಬಂದಿದ್ದನು. ಅವನ ಸಲಹೆಯ ಫಲವಾಗಿ ಮರುವರ್ಷ ಇಲ್ಲಿ ಸರ್ಕಾರದ ರಾಷ್ಟ್ರೀಯ ಚಲಚ್ಚಿತ್ರ ಘಟಕವು ಸ್ಥಾಪಿತವಾಗಿ, ಯುದ್ಧದ ಮತ್ತು ದೇಶಕಟ್ಟುವ ಉದ್ಯೋಗಗಳ ಚಿತ್ರಗಳನ್ನು ವಾರವಾರವೂ ಜನರಿಗೆ ತೋರಿಸಿತು. ಆದರೆ ಸರ್ಕಾರದ ಕಣ್ಣು ಅಣೆಕಟ್ಟನ್ನು ಕಂಡಷ್ಟು ಸುಲಭವಾಗಿ ಅಡುಗೆಮನೆಯನ್ನು ಕಾಣಲಾರದು. ನಗರದ ಸಾಮಾನ್ಯ ಬಾಳನ್ನು ಕಾಣುವುದಕ್ಕೆ 1967ರವರೆಗೆ ಕಾಯಬೇಕಾಯಿತು. ಆ ವರ್ಷ ಗ್ಯಾರಿ ಬೇಜೆಂಟ್ ಎಂಬ ತರುಣ ಛಾಯಾಗ್ರಾಹಕನು, ಆಕ್ಲೆಂಡಿನ ಬೀದಿ, ಮದ್ಯದಂಗಡಿ, ಹಡಗುಕಟ್ಟೆಗಳನ್ನು ಅಂದಚೆಂದದ ಹಂಗು ತೊರೆದು ತೆಗೆದ 123 ಚಿತ್ರಗಳನ್ನು ಒಂದು ಪುಸ್ತಕವಾಗಿ ಪ್ರಕಟಿಸಿ, ಅದಕ್ಕೆ ‘ಕಾಣದ ನಗರ’ ಎಂಬರ್ಥದ ಹೆಸರಿಟ್ಟನು. ಪ್ರತಿನಿತ್ಯ ಓಡಾಡುವ ನಗರವೇ ಅದರಲ್ಲಿ ವಾಸಿಸುವವರಿಗೆ ಕಾಣದ ನಗರವಾಗಿತ್ತೆಂಬುದನ್ನು ಆ ಹೆಸರೇ ಸಾರಿತು.

ಅದಕ್ಕೆ ಮೂರು ವರ್ಷ ಮೊದಲು ನಡೆದ ಇನ್ನೊಂದು ಘಟನೆಯನ್ನು ನಾನು ನಿಮಗೆ ಹೇಳಲೇಬೇಕು. ಹಾಲೆಂಡಿನ ಲೈಡನ್ನಿನಲ್ಲಿ 1936ರಲ್ಲಿ ಹುಟ್ಟಿ, 1957ರಲ್ಲಿ ಇಲ್ಲಿಗೆ ಬಂದ ಆನ್ಸ್ ವೆಸ್ಟ್ರಾ ಎಂಬಾಕೆ ಒಂದು ಮಾವೋರಿ ಕುಟುಂಬದ ಗ್ರಾಮೀಣ ದಿನಚರಿಯನ್ನು, ಬಟ್ಟೆ ಒಗೆಯುವ ದಿನವೊಂದರ ಕಥೆಯನ್ನಾಗಿ ಚಿತ್ರಿಸಿದರು. 1964ರಲ್ಲಿ ಶಿಕ್ಷಣ ಇಲಾಖೆಯು ಅದನ್ನು ಮಕ್ಕಳ ಓದಿಗೆಂದು ಶಾಲೆಗಳಿಗೆ ಹಂಚಿತು. ಆ ಚಿತ್ರಗಳಲ್ಲಿ ನಗು ಇತ್ತು, ಒಲವು ಇತ್ತು; ಜೊತೆಗೆ ಮುರುಕು ಮನೆಯೂ ಇತ್ತು, ಬರಿಗಾಲಿನಲ್ಲಿ ಒಲೆಯ ಮೇಲೆ ನಿಂತು ಕಾವು ಪಡೆಯುವ ಮಗುವೂ ಇತ್ತು. ಇದನ್ನು ನೋಡಿದ ಲೋಕವು ಮಾವೋರಿಗಳೆಲ್ಲರೂ ಹೀಗೆಯೇ ಎಂದುಕೊಂಡೀತೆಂದು, ಅಡುಗೆಯೊಲೆಯ ಮೇಲೆ ಕಾಲಿಡುವುದು ತಮ್ಮಲ್ಲಿ ನಿಷಿದ್ಧವೆಂದು, ಮಾವೋರಿ ಮಹಿಳೆಯರ ಕಲ್ಯಾಣ ಸಂಘವು ಪ್ರತಿಭಟಿಸಿತು. ಸರ್ಕಾರವು 38,000 ಪ್ರತಿಗಳನ್ನು ಹಿಂದಕ್ಕೆ ಪಡೆದು ನಾಶಮಾಡಿಸಿತು. ಅದೇ ವರ್ಷ ಖಾಸಗಿ ಮುದ್ರಣಾಲಯವೊಂದು ಅದನ್ನು ಮರಳಿ ಅಚ್ಚುಹಾಕಿತು.

ಯಾರ ಪಕ್ಷದಲ್ಲಿ ನ್ಯಾಯವಿತ್ತೆಂದು ನನ್ನನ್ನು ಕೇಳಿದರೆ, ಎರಡು ಪಕ್ಷಗಳಲ್ಲಿಯೂ ಇತ್ತೆಂದೇ ಹೇಳಬೇಕಾಗುತ್ತದೆ. ವೆಸ್ಟ್ರಾ ಸುಳ್ಳನ್ನೇನೂ ತೋರಿಸಿರಲಿಲ್ಲ. ಆ ಮಹಿಳೆಯರೂ ಇಲ್ಲದ ಭಯವನ್ನು ಕಲ್ಪಿಸಿಕೊಂಡಿರಲಿಲ್ಲ. ಓಟಾರದ ವೃದ್ಧೆ ನನ್ನನ್ನು ಕೇಳಿದ ಪ್ರಶ್ನೆಯೇ ಅಲ್ಲಿಯೂ ಇದ್ದುದು: ಇದನ್ನು ಯಾರಿಗೆ ತೋರಿಸುತ್ತೀರಿ? ಒಂದು ಮನೆಯ ಒಲೆಯ ಚಿತ್ರವು ಆ ಮನೆಯವರ ಕೈಯಲ್ಲಿದ್ದಾಗ ನೆನಪಾಗಿರುತ್ತದೆ. ಅವರನ್ನರಿಯದ ಸಾವಿರಾರು ಮಂದಿಯ ಕೈಗೆ ಹೋದಾಗ ತೀರ್ಪಾಗುತ್ತದೆ. ವೆಸ್ಟ್ರಾ ಆ ಪೆಟ್ಟಿನಿಂದ ಕ್ಯಾಮೆರಾವನ್ನು ಕೆಳಗಿಡಲಿಲ್ಲ. 2023ರಲ್ಲಿ ತೀರಿಕೊಳ್ಳುವವರೆಗೂ ಅದೇ ಜನರ ನಡುವೆ ಮತ್ತೆಮತ್ತೆ ಹೋಗಿ, ಹಳ್ಳಿಯಿಂದ ನಗರಕ್ಕೆ ಅವರು ಬಂದಾಗ ತಾವೂ ಹಿಂದೆಯೇ ಬಂದು, ಒಂದು ಜನಾಂಗದ ಅರ್ಧ ಶತಮಾನವನ್ನು ಹಿಡಿದಿಟ್ಟರು. ಅಂದು ಮುನಿದವರ ಮೊಮ್ಮಕ್ಕಳಲ್ಲಿ ಅನೇಕರು ತಮ್ಮ ಹಿರಿಯರ ಮುಖವನ್ನು ಇಂದು ನೋಡುವುದು ಆಕೆಯ ಚಿತ್ರಗಳಲ್ಲಿಯೇ. ಆ ಋಣ ತೀರಲು ಒಂದು ಆಯುಷ್ಯ ಹಿಡಿಯಿತು.

ಈಗ ಮನುಕಾವಿಗೆ ಹಿಂದಿರುಗೋಣ. 1970ರ ದಶಕದ ನಡುವಿನಲ್ಲಿ, ಕಾರ್ಖಾನೆಗಳಲ್ಲಿ ಕೆಲಸ ತಗ್ಗಿದಾಗ, ವಾಸದ ಅವಧಿ ಮೀರಿದವರನ್ನು ಹುಡುಕುವ ನೆಪದಲ್ಲಿ ಪೊಲೀಸರು ಬೆಳಗಿನ ಜಾವದ ಕತ್ತಲಲ್ಲಿ ದ್ವೀಪವಾಸಿಗಳ ಮನೆಬಾಗಿಲು ಬಡಿದು, ಮಲಗಿದ್ದ ಮಕ್ಕಳ ಮುಖಕ್ಕೆ ಟಾರ್ಚಿನ ಬೆಳಕು ಹಾಯಿಸುವ ಪದ್ಧತಿಯೊಂದು ನಡೆಯಿತು. ಬಿಳಿಯ ದೇಶಗಳಿಂದ ಬಂದು ಅವಧಿ ಮೀರಿ ಉಳಿದವರೂ ಬಹಳ ಮಂದಿ ಇದ್ದರಾದರೂ ಅವರ ಬಾಗಿಲು ಹೀಗೆ ಬಡಿಯಲ್ಪಡಲಿಲ್ಲ. ಈ ಅನ್ಯಾಯಕ್ಕಾಗಿ ದೇಶದ ಪ್ರಧಾನಿಯು ವಿಧ್ಯುಕ್ತವಾಗಿ ಕ್ಷಮೆ ಯಾಚಿಸಿದ್ದು 2021ರ ಆಗಸ್ಟ್ 1ರಂದು. ಆ ಟಾರ್ಚಿನ ಬೆಳಕೂ ಒಂದು ನೋಟವೇ. ಹೆಸರನ್ನು ಕೇಳಿದರೂ ಮನುಷ್ಯನನ್ನು ಕಾಣದ ನೋಟ.

ಆ ನೆನಪು ಇನ್ನೂ ಹಸಿಯಾಗಿದ್ದ 1978ರಲ್ಲಿ, ಮಾರ್ಕ್ ಆಡಮ್ಸ್ ಎಂಬ ಬಿಳಿಯ ಛಾಯಾಗ್ರಾಹಕನೊಬ್ಬನು ಸಮೋವದವರ ಮನೆಗಳ ಒಳಕ್ಕೆ ಬರಮಾಡಿಕೊಳ್ಳಲ್ಪಟ್ಟನು. ಕ್ರೈಸ್ಟ್‌ಚರ್ಚಿನಲ್ಲಿ 1949ರಲ್ಲಿ ಹುಟ್ಟಿದ ಆಡಮ್ಸನಿಗೆ ಈ ಬಾಗಿಲು ತೆರೆದದ್ದು ಸ್ನೇಹದ ಮೂಲಕ; ಅವನ ಗೆಳೆಯನಾದ ಚಿತ್ರಕಾರ ಟೋನಿ ಫೋಮಿಸನ್, ಸಮೋವದವನಲ್ಲದಿದ್ದರೂ, ಸುಲುಆಪೆ ಪೌಲೋ ಎಂಬ ಹಚ್ಚೆಯ ಆಚಾರ್ಯನಿಂದ ತನ್ನ ಮೈಮೇಲೆ ಸಮೋವದ ಹಚ್ಚೆಯನ್ನು ಹಾಕಿಸಿಕೊಂಡನು. ಸಮೋವದವರು ಈ ವಿದ್ಯೆಯನ್ನು ತತಾವ್ ಎನ್ನುತ್ತಾರೆ. ಜಗತ್ತಿನ ಟ್ಯಾಟೂ ಎಂಬ ಮಾತಿನ ತವರು ಪಾಲಿನೇಷ್ಯದ ಈ ಶಬ್ದವೇ. ಹಂದಿಯ ಕೋರೆಯಿಂದ ಮಾಡಿದ ಬಾಚಣಿಗೆಯಂಥ ಮೊನೆಯನ್ನು ಮಸಿಯಲ್ಲಿ ಅದ್ದಿ, ಕಿರುಗೋಲಿನಿಂದ ತಟ್ಟುತ್ತಾ ತಟ್ಟುತ್ತಾ, ಇಬ್ಬರು ಸಹಾಯಕರು ಚರ್ಮವನ್ನು ಬಿಗಿಹಿಡಿದು ರಕ್ತವನ್ನೊರಸುತ್ತಿರಲು, ದಿನಗಟ್ಟಲೆ ನಡೆಯುವ ಈ ಕಾರ್ಯವು ಗಂಡಸಿಗೆ ಕುಲದ ಸೇವೆಯ ದೀಕ್ಷೆ. ನಡುವೆ ಬಿಟ್ಟೇಳುವುದು ತೀರದ ಅವಮಾನ.

ಈ ದೀಕ್ಷೆ ಮನುಕಾವಿನಲ್ಲಿ ನಡೆದದ್ದೆಲ್ಲಿ? ಮಾಂಗೆರೆಯಂಥ ಬಡಾವಣೆಯ ನಡುಮನೆಯಲ್ಲಿ. ಆಡಮ್ಸ್ ಅದನ್ನು ಇದ್ದಂತೆಯೇ ತೋರಿಸಿದನು. ಫ್ಲಾಹರ್ಟಿ ಕಳಚಿಸಿದ ಬಟ್ಟೆಯನ್ನು ಆಡಮ್ಸ್ ಕಳಚಿಸಲಿಲ್ಲ. ಸಹಸ್ರ ವರ್ಷಗಳ ವಿದ್ಯೆಯು ಹೂಬಳ್ಳಿಯ ನೆಲಹಾಸಿನ ಮೇಲೆ, ಕಿಟಕಿಯ ಪರದೆಯ ಕೆಳಗೆ, ಗೋಡೆಗೆ ತೂಗುಹಾಕಿದ ಮನೆಯವರ ಭಾವಚಿತ್ರಗಳೆದುರಿನಲ್ಲಿ, ಒಂದು ನಗರದ ಸಾಮಾನ್ಯ ಮಧ್ಯಾಹ್ನದಲ್ಲಿ ನಡೆಯುತ್ತಿದೆ. ದೊಡ್ಡ ಗಾತ್ರದ ಫಿಲ್ಮನ್ನು ಹಿಡಿಯುವ ಅವನ ಕ್ಯಾಮೆರಾ ಕದ್ದು ನೋಡಬಲ್ಲ ಯಂತ್ರವಲ್ಲ. ಅದನ್ನು ನಿಲ್ಲಿಸುವುದಕ್ಕೂ ಹದಗೊಳಿಸುವುದಕ್ಕೂ ಹೊತ್ತು ಬೇಕು, ಆ ಹೊತ್ತನ್ನು ಮನೆಯವರು ಕೊಡಬೇಕು. ಎಲ್ಲಕ್ಕಿಂತ ಮಿಗಿಲಾಗಿ, ಅವನು ತನ್ನ ಚಿತ್ರಗಳಿಗೆ ಕಾವ್ಯಮಯವಾದ ಹೆಸರುಗಳನ್ನಿಡಲಿಲ್ಲ. ದಿನಾಂಕ, ಬೀದಿ, ಬಡಾವಣೆ, ಹಚ್ಚೆ ಹುಯ್ಯುವ ಆಚಾರ್ಯನ ಹೆಸರು, ಹುಯ್ಯಿಸಿಕೊಳ್ಳುವವನ ಹೆಸರು, ಕೆಲವೆಡೆ ಚರ್ಮ ಹಿಡಿದ ಸಹಾಯಕನ ಹೆಸರು: ಇವೇ ಅವನ ಚಿತ್ರಗಳ ಶೀರ್ಷಿಕೆಗಳು. ಸಾಕ್ಷಿಯು ಹೇಳಬೇಕಾದುದನ್ನೆಲ್ಲ ಅವು ಹೇಳುತ್ತವೆ. ಸಫೂನೆಯಲ್ಲಿ ತಆವಾಲೆ ಕಳೆದುಕೊಂಡ ಹೆಸರನ್ನು ಅವನ ಕುಲದವರು ಮಾಂಗೆರೆಯ ನಡುಮನೆಯಲ್ಲಿ ಮರಳಿ ಪಡೆದರೆಂದು ಹೇಳಿದರೆ ಅದು ಉತ್ಪ್ರೇಕ್ಷೆಯಾಗಲಾರದು. ದಶಕಗಳ ಕಾಲ ಅದೇ ಮನೆಗಳಿಗೆ ಹೋಗಿಬಂದ ಆಡಮ್ಸನ ಆ ಚಿತ್ರಗಳು ಇಂದು ವೆಲ್ಲಿಂಗ್ಟನ್ನಿನ ರಾಷ್ಟ್ರೀಯ ಸಂಗ್ರಹಾಲಯವಾದ ಟೆ ಪಾಪಾದಲ್ಲಿವೆ.

ಆ ಚಿತ್ರಗಳನ್ನು ನೋಡುವಾಗ ನನಗೆ ನೆನಪಾಗುವುದು ನಮ್ಮೂರಿನ ಜಗುಲಿ. ವರ್ಷಕ್ಕೊಮ್ಮೆ ಬರುತ್ತಿದ್ದ ಕೊರವಂಜಿಯು ಸೊಪ್ಪಿನ ರಸಕ್ಕೆ ಮಸಿ ಕಲೆಸಿ, ಹಾಡಿನಿಂದ ನೋವನ್ನು ಮರೆಸುತ್ತಾ, ನಮ್ಮ ಅಜ್ಜಿಯ ಮುಂಗೈಗೆ ಹಚ್ಚೆ ಹುಯ್ದ ಕಥೆಯನ್ನು ಅವರ ಬಾಯಿಂದಲೇ ಕೇಳಿದ್ದೇನೆ. ಸತ್ತ ಮೇಲೆ ಜೊತೆಗೆ ಬರುವ ಒಡವೆ ಇದೊಂದೇ ಎನ್ನುತ್ತಿದ್ದರು. ಆ ಕೊರವಂಜಿಯ ಹೆಸರನ್ನು ಯಾರೂ ಕೇಳಿಡಲಿಲ್ಲ. ಆ ಜಗುಲಿಯ ಚಿತ್ರವನ್ನು ಯಾರೂ ತೆಗೆಯಲಿಲ್ಲ.

ಋಣ ತೀರುವ ಬಗೆಗಳಲ್ಲಿ ಇನ್ನೂ ದೊಡ್ಡದೊಂದಿದೆ. ಅದು ನೋಡಿಸಿಕೊಂಡವರೇ ನೋಡುವವರಾಗುವುದು. ಅದೇ ಸವಾಯಿ ದ್ವೀಪದಲ್ಲಿ ಹುಟ್ಟಿ, ಮಗುವಾಗಿದ್ದಾಗಲೇ ಈ ದೇಶಕ್ಕೆ ಬಂದು, ವೆಲ್ಲಿಂಗ್ಟನ್ನಿನಲ್ಲಿ ಬೆಳೆದ ಸೀಮಾ ಉರಾಲೆ ಎಂಬಾಕೆ 1996ರಲ್ಲಿ ‘ಓ ತಮಾಇತಿ’ ಎಂಬ ಕಪ್ಪುಬಿಳುಪಿನ ಕಿರುಚಿತ್ರದಲ್ಲಿ, ನಗರದ ಸಮೋವ ಕುಟುಂಬವೊಂದರ ಬಾಳನ್ನು, ತಮ್ಮತಂಗಿಯರನ್ನು ಸಾಕುವ ಹೊರೆ ಹೊತ್ತ ಒಬ್ಬ ಚಿಕ್ಕ ಹುಡುಗನ ಕಣ್ಣಿನಿಂದ ತೋರಿಸಿದರು. ಅದು ಕಲ್ಪಿತ ಕಥೆಯೇ ಆದರೂ, ಕ್ಯಾಮೆರಾ ಹುಡುಗನ ಎತ್ತರಕ್ಕೆ ಇಳಿದು ನಿಲ್ಲುವುದರಿಂದ, ನಮಗೆ ದೊರೆಯುವುದು ಒಳಗಿನವರ ಸಾಕ್ಷ್ಯ. ವೆನಿಸ್ಸಿನ ಚಿತ್ರೋತ್ಸವವು ಅದಕ್ಕೆ ಬೆಳ್ಳಿಯ ಸಿಂಹವನ್ನಿತ್ತು ಮನ್ನಿಸಿತು. ಆಕೆಯ ಸಹೋದರಿ ಮಕೆರಿತಾ ಉರಾಲೆ 2002ರಲ್ಲಿ ತೆಗೆದ ಸಾಕ್ಷ್ಯಚಿತ್ರದ ವಸ್ತುವಾದರೋ, ಹಚ್ಚೆ ಧರಿಸಿದ ಸಮೋವದ ಗಂಡಸರೇ. ಫ್ಲಾಹರ್ಟಿ ಅನುವಾದಕರ ಮೂಲಕ ಕೇಳಿದುದನ್ನು ಈಕೆ ತಾಯ್ನುಡಿಯಲ್ಲಿ ಕೇಳಬಲ್ಲವರಾಗಿದ್ದರು. ಒಂದು ದ್ವೀಪದಿಂದ ಹೊರಟ ನೋಟವು ಎಂಟು ದಶಕಗಳ ತರುವಾಯ ಅದೇ ದ್ವೀಪದ ಹೆಣ್ಣುಮಕ್ಕಳ ಕೈಯಲ್ಲಿ ಮನೆಗೆ ಮರಳಿತು.

ನಮ್ಮ ನಾಡಿನಲ್ಲಿಯೂ ಇಂಥ ಒಳಗಿನ ಕಣ್ಣೊಂದಿತ್ತು. ಮೈಸೂರಿನಲ್ಲಿ 1923ರಲ್ಲಿ ಹುಟ್ಟಿದ ಟಿ. ಎಸ್. ಸತ್ಯನ್ ಅವರು 1948ರಲ್ಲಿ ‘ಡೆಕ್ಕನ್ ಹೆರಾಲ್ಡ್’ ಪತ್ರಿಕೆಯ ಛಾಯಾಗ್ರಾಹಕರಾಗಿ ಆರಂಭಿಸಿ, ದೇಶದ ಪ್ರಸಿದ್ಧ ಪುರುಷರನ್ನೆಲ್ಲ ಚಿತ್ರಿಸಿದವರಾದರೂ, ಅವರ ಹೃದಯ ನೆಲೆಸಿದ್ದುದು ಬೀದಿಯ ಮಕ್ಕಳಲ್ಲಿ, ಕೇರಿಯ ತಾಯಂದಿರಲ್ಲಿ, ದುಡಿದು ದಣಿದು ಕುಳಿತವರಲ್ಲಿ. 1979ರ ಅಂತಾರಾಷ್ಟ್ರೀಯ ಮಕ್ಕಳ ವರ್ಷದಲ್ಲಿ ಅವರ ಮಕ್ಕಳ ಚಿತ್ರಗಳು ವಿಶ್ವಸಂಸ್ಥೆಯ ನ್ಯೂಯಾರ್ಕಿನ ಕೇಂದ್ರದಲ್ಲಿ ಪ್ರದರ್ಶಿತವಾದುವು. ನಾನು ಮೈಸೂರಿನಲ್ಲಿ ಓದುತ್ತಿದ್ದಾಗ ಅವರ ಚಿತ್ರವೊಂದನ್ನು ನೋಡಿ, ದಿನವೂ ದಾಟಿಹೋಗುತ್ತಿದ್ದ ಬೀದಿಯಲ್ಲಿ ಮರುದಿನ ನಿಂತು ನೋಡಿದ ನೆನಪಿದೆ. ಮನುಕಾವಿನ ಬೀದಿಗಳಲ್ಲಿ ಹಾಗೆ ನಿಂತು ನೋಡಿದವರಲ್ಲಿ ಗ್ಲೆನ್ ಜೋವಿಟ್ ಒಬ್ಬರು. 1980ರ ದಶಕದಿಂದ 2014ರಲ್ಲಿ ಕಾಲವಾಗುವವರೆಗೂ, ದ್ವೀಪವಾಸಿಗಳ ಇಲ್ಲಿನ ಬಾಳನ್ನೂ ಅವರ ತವರು ದ್ವೀಪಗಳ ಬಾಳನ್ನೂ ಬಣ್ಣದ ಚಿತ್ರಗಳಲ್ಲಿ ಜೊತೆಜೊತೆಯಾಗಿ ಕಾಣಿಸಿದರು. ವಲಸೆ ಬಂದವನು ಎರಡು ಊರುಗಳಲ್ಲಿ ಒಮ್ಮೆಗೇ ಬಾಳುತ್ತಾನೆಂಬುದನ್ನು ಬಲ್ಲ ನಮಗೆ ಆ ಜೋಡಣೆಯ ಔಚಿತ್ಯವನ್ನು ವಿವರಿಸಬೇಕಾದುದಿಲ್ಲ.

ಇಂದು ಪ್ರತಿಯೊಬ್ಬರ ಕೈಯಲ್ಲಿಯೂ ಕ್ಯಾಮೆರಾ ಉಂಟು. ಆಡಮ್ಸ್ ಒಂದು ಮಧ್ಯಾಹ್ನವೆಲ್ಲ ಕಾದು ತೆಗೆಯುತ್ತಿದ್ದುದಕ್ಕಿಂತ ಹೆಚ್ಚು ಚಿತ್ರಗಳನ್ನು ನಾವು ಒಂದು ಊಟದ ಹೊತ್ತಿನಲ್ಲಿ ತೆಗೆಯುತ್ತೇವೆ. ಆದರೆ ತೆಗೆದ ಚಿತ್ರದೊಡನೆ ನಿಲ್ಲುವ ವ್ಯವಧಾನ, ಅದರಲ್ಲಿರುವವರ ಹೆಸರನ್ನು ಬರೆದಿಡುವ ಶ್ರದ್ಧೆ, ಅವರಿಗೊಂದು ಪ್ರತಿಯನ್ನು ಕೊಡುವ ಸೌಜನ್ಯ, ಇವು ಕ್ಯಾಮೆರಾದೊಡನೆ ಬಂದಿಲ್ಲ. ಇವನ್ನು ನಾವೇ ತರಬೇಕು.

ಓಟಾರದ ಆ ಶನಿವಾರದ ತರುವಾಯ ನಾನು ಚಿತ್ರವನ್ನು ಅಚ್ಚುಹಾಕಿಸಿ, ಮುಂದಿನ ವಾರ ತೆಗೆದುಕೊಂಡು ಹೋದೆ. ಕೇಳದೆ ತೆಗೆದುದಕ್ಕೆ ಕ್ಷಮೆ ಬೇಡಿ ಅದನ್ನು ಆ ವೃದ್ಧೆಯ ಕೈಗಿತ್ತೆ. ಆಕೆ ತಮ್ಮ ಮುಖವನ್ನು ಹೆಚ್ಚು ನೋಡಿಕೊಳ್ಳಲಿಲ್ಲ. ಗೆಡ್ಡೆಗಳ ರಾಶಿಯನ್ನು ಬೆರಳಿಂದ ಮುಟ್ಟಿ, ಆ ವಾರದ ಕೆಸು ಬಹಳ ಚೆನ್ನಾಗಿತ್ತೆಂದು ಹೇಳಿ, ಚಿತ್ರವನ್ನು ಹಣದ ಡಬ್ಬಿಯೊಳಗಿಟ್ಟರು. ಅನಂತರ ನನ್ನ ಹೆಸರನ್ನು ಕೇಳಿದರು, ತಮ್ಮ ಹೆಸರನ್ನು ಹೇಳಿದರು. ಇಷ್ಟು ಕಾಲ ಅವರಿಂದ ಕೆಸು ಕೊಂಡವನಿಗೆ ಅವರ ಹೆಸರು ತಿಳಿದದ್ದು ಅಂದೇ.

ನಮ್ಮ ಮನೆಯಲ್ಲಿ ಅಜ್ಜಿಯ ಒಂದೇ ಒಂದು ಭಾವಚಿತ್ರವಿದೆ. ಬಣ್ಣ ಬಳಿದ ಪರದೆಯ ಮುಂದೆ ಮೂವರು ಹೆಂಗಸರು ಸಾಲಾಗಿ ನಿಂತಿದ್ದಾರೆ. ನಡುವಿನಾಕೆ ಅಜ್ಜಿ, ಎಡಗಡೆಯಾಕೆ ಅವರ ತಂಗಿ. ಬಲಗಡೆ ನಿಂತು, ಅಜ್ಜಿಯ ಭುಜದ ಮೇಲೆ ಸಲಿಗೆಯಿಂದ ಕೈಯಿಟ್ಟಿರುವಾಕೆ ಯಾರೆಂದು ಈಗ ಬದುಕಿರುವ ಯಾರಿಗೂ ತಿಳಿಯದು. ಚಿತ್ರದ ಹಿಂಬದಿಯಲ್ಲಿ ಸ್ಟುಡಿಯೋದ ಮುದ್ರೆ ಸ್ಪಷ್ಟವಾಗಿದೆ. ಮೂವರಲ್ಲಿ ಒಬ್ಬರ ಹೆಸರೂ ಇಲ್ಲ.

ಆದಕಾರಣ, ಶ್ರೋತೃಗಳೇ, ನೀವು ಮನುಕಾವಿನಲ್ಲಿರಲಿ, ಮಂಡ್ಯದಲ್ಲಿರಲಿ, ಮಂಜೇಶ್ವರದಲ್ಲಿರಲಿ, ನಿಮ್ಮಲ್ಲಿ ನನ್ನದೊಂದು ಪ್ರಾರ್ಥನೆ. ಹಬ್ಬದ ಚಿತ್ರಗಳು ಹೇಗೂ ಉಳಿಯುತ್ತವೆ. ಈ ವಾರ ನಿಮ್ಮ ಮನೆಯ ಒಂದು ಸಾಮಾನ್ಯ ದಿನವನ್ನು, ಕೇಳಿ, ಒಪ್ಪಿಗೆ ಪಡೆದು, ಚಿತ್ರಿಸಿ: ತರಕಾರಿ ಹೆಚ್ಚುತ್ತಿರುವ ಅಮ್ಮನನ್ನು, ಹಾಲು ತಂದುಕೊಡುವವನನ್ನು, ಮನೆಗೆಲಸಕ್ಕೆ ಬರುವಾಕೆಯನ್ನು. ಅದನ್ನು ಅಚ್ಚುಹಾಕಿಸಿ ಅವರಿಗೊಂದು ಪ್ರತಿ ಕೊಡಿ. ನಿಮ್ಮ ಪ್ರತಿಯನ್ನು ತಿರುವಿ, ಹಿಂಬದಿಯಲ್ಲಿ, ಅಳಿಸದ ಮಸಿಯಿಂದ ಮೂರು ಸಾಲು ಬರೆದಿಡಿ: ಯಾರು, ಎಲ್ಲಿ, ಎಂದು.